ಒಡೆಯದ ಹುತ್ತ

ಒಕ್ಸಾನಾಳ ಕೈ ಮೊಣಕೈವರೆಗೆ ಹುತ್ತದೊಳಗಿತ್ತು. ಕೈ ಮೇಲೆ ತಣ್ಣಗೆ ಏನೋ ಹರಿಯಿತು. ಉಕ್ರೇನಿನಿಂದ ಬಂದ ಆ ಕಲಾ ನಿರ್ದೇಶಕಿಯೇ ಮಲ್ಲಂದೂರಿನ ಕಾಫಿ ತೋಟದಲ್ಲಿ, ಸಿನಿಮಾಕ್ಕೆಂದು ಗೋಣಿತಾಟಿಗೆ ಪ್ಲಾಸ್ಟರ್ ಬಳಿದು ಆ ಹುತ್ತವನ್ನು ಮಾಡಿದ್ದಳು. ಶೂಟಿಂಗ್ ಮುಗಿದಿತ್ತು, ಒಡೆಸುವ ಮುಂಚೆ ಒಳಗಿನ ತಂತಿ ಬಿಚ್ಚಲು ಕೈ ಹಾಕಿದ್ದಳು.

"ಕೈ ಅಲ್ಲಾಡಿಸ್ಬೇಡಿ ಮೇಡಂ. ಒಳಗೆ ನಾಗಪ್ಪ ಇದಾನೆ," ಎಂದ, ಪಕ್ಕದ ತೂತಿನಲ್ಲಿ ಬಾಲ ಕಂಡ ಮೇಸ್ತ್ರಿ ಸೋಮಯ್ಯ. ಮಾತು ಅವಳಿಗೆ ತಿಳಿಯಲಿಲ್ಲ. ಆದರೆ ಅವನು ಮೆಲ್ಲಗೆ ಚಪ್ಪಲಿ ಕಳಚಿ ಹುತ್ತಕ್ಕೆ ಕೈಮುಗಿದಾಗ ಒಳಗಿರುವುದು ಹಾವೆಂದು ಅವಳಿಗೆ ಹೊಳೆಯಿತು. ಆ ಭಾರ ಮಣಿಕಟ್ಟು ದಾಟಿ, ಬೆರಳು ಸವರಿ ಕೆಳಗಿಳಿಯುವ ತನಕ ಅವಳು ಕೈ ಕದಲಿಸಲಿಲ್ಲ.

ಕೈ ಹೊರಬಂದದ್ದೇ, ಸುತ್ತಿಗೆ ಹಿಡಿದು ಬಂದವರನ್ನು ತಡೆದಳು. ಮೂವತ್ತು ವರ್ಷ ಅವಳು ಕಟ್ಟಿದ್ದ ಮನೆ, ಅರಮನೆಗಳೆಲ್ಲ ಶೂಟಿಂಗ್ ಮುಗಿದೊಡನೆ ಪುಡಿಯಾಗಿದ್ದವು. ಒಳಗೆ ಯಾರಾದರೂ ವಾಸಕ್ಕೆ ಬಂದದ್ದು ಇದೇ ಮೊದಲು.