ಬೀಜ ಬಿಟ್ಟು ಹೋಗುವ ಮೇಕೆ

ಕಾಯಿ ಒಣಗಲು ಇಟ್ಟಿದ್ದ ಬುಟ್ಟಿ ಮತ್ತೆ ಖಾಲಿಯಾಗಿತ್ತು. ಸೊಸೆ ಹಿತ್ತಲಲ್ಲಿ ಸೊಂಟಕ್ಕೆ ಕೈಯಿಟ್ಟು ನಿಂತು ಕಾಂಪೌಂಡಿನ ಆಚೆ ಕಣ್ಣು ಹಾಯಿಸಿದಳು. ಪಕ್ಕದ ಮನೆಯ ಟೈಲರ್ ಸಾಕಿದ ಮೇಕೆ ತನಗೇನೂ ಗೊತ್ತೇ ಇಲ್ಲವೆಂಬಂತೆ ಮೆಲುಕು ಹಾಕುತ್ತಿತ್ತು.

ಹಿತ್ತಲ ಕ್ಯಾರಬ್ ಮರ ಈ ಸಲ ಮೈತುಂಬ ಕಾಯಿ ಬಿಟ್ಟಿತ್ತು. ಉದ್ದನೆಯ, ಚಪ್ಪಟೆಯಾದ ಕಂದು ಕಾಯಿಗಳು. ಒಣಗಿದ ಮೇಲೆ ಹುರಿದು ಪುಡಿ ಮಾಡಿದರೆ ಬಣ್ಣದಲ್ಲೂ ಘಮದಲ್ಲೂ ಚಾಕೊಲೇಟಿಗೆ ತಂಗಿಯಾಗಬೇಕು. ಕಾಯಿಯೇ ಸಿಹಿ, ಸಕ್ಕರೆಯ ಖರ್ಚೂ ಕಡಿಮೆ. ಬೀಜದ ಕಥೆ ಬೇರೆಯೇ. ಎಲ್ಲ ಬೀಜಗಳ ತೂಕವೂ ಒಂದೇ ಎಂದು ನಂಬಿ ಹಿಂದಿನ ಕಾಲದಲ್ಲಿ ಅವುಗಳಿಂದಲೇ ವಜ್ರ ತೂಗುತ್ತಿದ್ದರಂತೆ. ಈಗ ಅದೇ ಬೀಜದ ಹಿಟ್ಟು ಐಸ್‌ಕ್ರೀಮನ್ನು ಮಂದ ಮಾಡುತ್ತದೆ. ಬೀಜವನ್ನು ಐಸ್‌ಕ್ರೀಮ್ ಮಾಡುವವನಿಗೆ ಮಾರಬೇಕು, ಪುಡಿಯಿಂದ ಕೇಕ್ ಮಾಡಿ ಮಾವನ ಬೇಕರಿಯಲ್ಲಿ ಇಡಬೇಕು ಎಂಬುದು ಸೊಸೆಯ ಆಸೆ.

ಮಾವ ಅದಕ್ಕೆ ಸುತರಾಂ ಒಪ್ಪಿರಲಿಲ್ಲ. ಮನೆಯ ಮುಂಭಾಗದಲ್ಲೇ ಇದ್ದ ಅವರ ಬೇಕರಿಯ ಬೋರ್ಡಿನ ಮೇಲೆ ಹೆಸರಿಗಿಂತ ದೊಡ್ಡದಾಗಿ ‘ಅಪ್ಪಟ ಚಾಕೊಲೇಟ್’ ಎಂದು ಬರೆದಿತ್ತು. ಸೊಸೆ ಮಾಡಿದ ಕೇಕಿನ ಒಂದು ತುಂಡನ್ನು ಅವರು ಬಾಯಿಗೆ ಹಾಕಿಕೊಂಡು, ಬಹಳ ಹೊತ್ತು ಅಗಿದು, ತಟ್ಟೆಯಲ್ಲಿ ಉಳಿದ ಪುಡಿಯನ್ನೂ ಬೆರಳಲ್ಲಿ ಒತ್ತಿ ತಿಂದು, ಕೈ ಒರೆಸಿಕೊಂಡಿದ್ದರು.

“ಮೇಕೆ ತಿನ್ನೋದನ್ನ ಗಿರಾಕಿಗಳಿಗೆ ಕೊಟ್ರೆ ಅಂಗಡಿ ಮರ್ಯಾದೆ ಏನಾಗ್ಬೇಕಮ್ಮ? ಈ ಮಾತು ಇಲ್ಲಿಗೇ ಬಿಡು.”

ಬುಟ್ಟಿಗಳು ಖಾಲಿಯಾಗತೊಡಗಿದ್ದು ಅದಾದ ಮೇಲೆ. ಕಾಯಿ ಮಾಯವಾಗುತ್ತಿತ್ತು, ಬೀಜ ಮಾತ್ರ ಬುಟ್ಟಿಯ ತಳದಲ್ಲಿ ಉಳಿದಿರುತ್ತಿತ್ತು. ಸೊಸೆ ಟೈಲರ್ ಜೊತೆ ಜಗಳಕ್ಕೆ ಹೋದಳು.

“ಬೀಜ ಬಿಡಿಸಿ ಇಡೋವಷ್ಟು ಜಾಣತನ ನನ್ನ ಮೇಕೆಗಿದ್ದಿದ್ರೆ, ಅದರ ಕೈಲೇ ಗುಂಡಿ ಹೊಲಿಸ್ತಿದ್ದೆ ಕಣಮ್ಮ,” ಎಂದ ಟೈಲರ್. ಆದರೂ ನೆರೆಹೊರೆಯ ಮಾತು ಕೆಡಬಾರದೆಂದು ಅದನ್ನು ಕಂಬಕ್ಕೆ ಕಟ್ಟಿಹಾಕಿದ.

“ಮೇಕೇನೇ ಇರ್ಬೇಕು, ಇನ್ಯಾರು?” ಎಂದರು ಮಾವ. “ಹೋಗ್ಲಿ ಬಿಡು, ಬೀಜ ಉಳೀತಲ್ಲ.”

ಮಾವನಿಗೆ ಅದರ ಬಗ್ಗೆ ಮಾತಾಡಲು ಪುರುಸೊತ್ತೂ ಇರಲಿಲ್ಲ. ಬೇಕರಿಗೆ ಈಚೆಗೆ ಜನ ಮುಗಿಬೀಳುತ್ತಿದ್ದರು. ಚಾಕೊಲೇಟ್ ಕೇಕ್ ಮೊದಲಿಗಿಂತ ಚೆನ್ನಾಗಿದೆ ಎಂದು ಯಾರಾದರೂ ಹೊಗಳಿದರೆ, ಹೊಗಳಿಕೆಗೆ ಪ್ರಾಣ ಬಿಡುತ್ತಿದ್ದ ಮಾವ ಈಗ ಚಾವಣಿಯ ಫ್ಯಾನ್ ನೋಡುತ್ತಿದ್ದರು. ವಯಸ್ಸಾದಂತೆ ವಿನಯ ಬರುತ್ತದೆ ಎಂದುಕೊಂಡಳು ಸೊಸೆ.

ವಯಸ್ಸು ಆದದ್ದು ಗುಂಡನಿಗೂ. ಗುಂಡ ಅವಳ ನಾಯಿ, ಮದುವೆಯಾದಾಗ ತವರಿನಿಂದ ಜೊತೆಗೆ ಬಂದದ್ದು. ಈ ಮನೆಯಲ್ಲಿ ಅವಳು ಅತ್ತಾಗಲೆಲ್ಲ ಪಕ್ಕದಲ್ಲಿ ಕೂತದ್ದು ಅದೇ. ದಿನವಿಡೀ ಕ್ಯಾರಬ್ ಮರದ ಕೆಳಗೆ ಉದುರಿದ ಕಾಯಿ ಕಡಿಯುತ್ತ ಬಿದ್ದಿರುತ್ತಿದ್ದ ನಾಯಿ, ಈಚೆಗೆ ಬೇಕರಿಯ ಹಿಂಬಾಗಿಲು ಬಿಟ್ಟು ಕದಲುತ್ತಿರಲಿಲ್ಲ. ಮುದಿ ಮೈಗೆ ಒಲೆಯ ಕಾವು ಬೇಕಾಗಿರಬೇಕು ಎಂದು ಅವಳೂ ಸುಮ್ಮನಿದ್ದಳು.

ರಾತ್ರಿ ಟೈಲರ್ ಮೇಕೆಯನ್ನು ಬಿಚ್ಚಿಬಿಟ್ಟಿರಬೇಕೆಂದು, ಖಾಲಿ ಬುಟ್ಟಿಯನ್ನು ಹಿಡಿದುಕೊಂಡು ಅವಳು ಮತ್ತೊಮ್ಮೆ ಟೈಲರ್ ಮನೆಯ ಕಡೆ ಹೊರಟಿದ್ದಳು. ಆಗ ಬೇಕರಿಯೊಳಗೆ ಟ್ರೇ ಬಿದ್ದ ಸದ್ದಾಯಿತು. ಓಡಿ ಹೋಗಿ ನೋಡಿದರೆ, ಆರ್ಡರಿಗೆಂದು ಮಾಡಿಟ್ಟ ದೊಡ್ಡ ಚಾಕೊಲೇಟ್ ಕೇಕ್ ಇರಲಿಲ್ಲ. ಗುಂಡ ಮೂತಿ ನೆಕ್ಕಿಕೊಳ್ಳುತ್ತಿತ್ತು.

ಅವಳ ಜೀವ ಬಾಯಿಗೆ ಬಂತು. ಚಾಕೊಲೇಟ್ ನಾಯಿಗೆ ವಿಷವೆಂದು ಅವಳಿಗೆ ಗೊತ್ತಿತ್ತು. ಎದುರು ಸಾಲಿನ ನಾಯಿ ಡಾಕ್ಟರನ್ನು ಕೈಹಿಡಿದು ಎಳೆದುಕೊಂಡೇ ಬಂದಳು.

ಡಾಕ್ಟರು ಗುಂಡನ ಎದೆಗೆ ಸ್ಟೆತಸ್ಕೋಪ್ ಇಟ್ಟು, ಮುಖ ಸಣ್ಣದು ಮಾಡಿಕೊಂಡರು. “ಕೇಕಿಗೆ ಎಷ್ಟು ಚಾಕೊಲೇಟ್ ಹಾಕಿದ್ರಿ ಯಜಮಾನ್ರೇ?”

ಕೌಂಟರಿನ ಮುಂದೆ ಗಿರಾಕಿಗಳು ಕತ್ತು ಚಾಚಿ ನಿಂತಿದ್ದರು. ಮಾವ ಅವರನ್ನು ನೋಡಿದರು, ಬೋರ್ಡನ್ನು ನೋಡಿದರು.

“ಅದು ಅಂಗಡಿ ಗುಟ್ಟು. ನಾಯಿಗೇನೂ ಆಗಲ್ಲ, ಬಿಡಿ.”

ಸೊಸೆಗೆ ಮೈಯೆಲ್ಲ ಉರಿದುಹೋಯಿತು. ಇಷ್ಟು ವರ್ಷ ಮಾವನಿಗೆ ಎದುರಾಡದವಳು ಅಂದು ಎದುರಾಡಿದಳು. “ನಿಮ್ಮ ಗುಟ್ಟು ದೊಡ್ಡದಾ ಮಾವ, ಇದರ ಜೀವ ದೊಡ್ಡದಾ? ನಾಯಿ ತಾನೇ ಅಂತ ತಾತ್ಸಾರ, ಅಲ್ವಾ?”

“ಹಾಗಲ್ಲಮ್ಮ. ನನ್ನ ಮಾತು ನಂಬು, ಏನೂ ಆಗಲ್ಲ.”

“ನಂಬೋ ಹಾಗೆ ಏನಾದ್ರೂ ಹೇಳಿ.”

ಮಾವ ಅಂಗೈಗೆ ಮೆತ್ತಿದ್ದ ಹಿಟ್ಟನ್ನು ಉಜ್ಜುತ್ತ ನಿಂತರು.

“ಅಪ್ಪಟ ಚಾಕೊಲೇಟ್ ಅಂದ್ರೆ ಕಾಯೋಕಾಗಲ್ಲ,” ಎಂದು ಡಾಕ್ಟರು ಸಿರಿಂಜಿಗೆ ಮದ್ದು ತುಂಬಿದರು. “ಇದನ್ನ ಕೊಟ್ರೆ ವಾಂತಿ ಆಗುತ್ತೆ. ಆದ್ರೆ ಮುದಿ ನಾಯಿ, ಹೃದಯ ಬೇರೆ ಸರಿಯಿಲ್ಲ. ತಡ್ಕೊಳ್ಳುತ್ತೆ ಅಂತ ನಾನು ಮಾತು ಕೊಡಲ್ಲಮ್ಮ. ಕೊಡದೇ ಇದ್ರೆ ವಿಷ ಏರುತ್ತೆ. ನೀನೇ ಹೇಳು.”

ಸೊಸೆ ನೆಲದಲ್ಲಿ ಕೂತು ಗುಂಡನ ತಲೆಯನ್ನು ತೊಡೆಗೆ ಎಳೆದುಕೊಂಡಳು. ಅದು ಬಾಲ ಆಡಿಸಿತು. ಅವಳಿಗೆ ದುಃಖ ಉಕ್ಕಿ ಬಂತು. ಕಣ್ಣು ಮುಚ್ಚಿಕೊಂಡು, “ಕೊಟ್ಬಿಡಿ ಡಾಕ್ಟ್ರೇ,” ಎಂದಳು.

ಸೂಜಿ ಚರ್ಮ ತಾಕುವ ಮೊದಲೇ ಹಿಟ್ಟಿನ ಕೈಯೊಂದು ಡಾಕ್ಟರ ಮಣಿಕಟ್ಟನ್ನು ಹಿಡಿದಿತ್ತು.

“ಬೇಡಿ, ಆ ಕೇಕಲ್ಲಿ ಚಾಕೊಲೇಟ್ ಒಂದು ಚೂರೂ ಇಲ್ಲ,” ಎಂದರು ಮಾವ, ಗಿರಾಕಿಗಳಿಗೆಲ್ಲ ಕೇಳುವಂತೆ. ಆಮೇಲೆ ಸೊಸೆಯ ಕಡೆ ತಿರುಗಿದರು. “ಟೈಲರಿಗೆ ಹೇಳಮ್ಮ, ಮೇಕೇನ ಬಿಚ್ಚಲಿ. ನಿನ್ನ ಬುಟ್ಟಿಗೆ ಬಾಯಿ ಹಾಕಿದ ಮೇಕೆ ನಾನೇ.”