ಕೊಂಡವಳ ಹೆಸರು

ಕನ್ನಡ ಟೈಪಿಂಗ್ ಸಾಫ್ಟ್‌ವೇರನ್ನು ಇನ್ನೊಂದು ಫ್ಲಾಪಿಗೆ ಇಳಿಸುತ್ತಿದ್ದೆ. ಊರಿನ ಹದಿನಾಲ್ಕು ಡಿಟಿಪಿ ಅಂಗಡಿಗಳಿಗೆ ಹೀಗೆ ಹಂಚಿದವಳು ನಾನೇ. ಅದು ಕಳವು ಎಂದು ಒಮ್ಮೆಯೂ ಅನಿಸಿರಲಿಲ್ಲ. ಅಷ್ಟರಲ್ಲಿ ಗೆಳತಿ ನೀಲಾಂಬಿಕಾ ಬಂದಳು. ಅಸಲಿ ಫ್ಲಾಪಿ ಕೊಂಡವಳು ಅವಳು. ಹಿಂದೊಮ್ಮೆ ಒಂದು ದಿನದ ಮಟ್ಟಿಗೆ ನನಗೆ ಕೊಟ್ಟಿದ್ದಳು; ಆಗ ನಾನೊಂದು ನಕಲು ಇಟ್ಟುಕೊಂಡಿದ್ದೆ.

"ಏ ಶಶಿ, ಸಾಫ್ಟ್‌ವೇರ್ ಕಂಪನಿಯವ ಬಂದಾನ. ಎಲ್ಲಾ ಅಂಗಡ್ಯಾಗೂ ಕಂಪ್ಯೂಟರ್ ಚಾಲೂ ಮಾಡಿದ್ರ 'ಈ ಪ್ರತಿ ನೀಲಾಂಬಿಕಾ ಅವರದು' ಅಂತ ಬರಾಕತ್ತೈತಂತ. ಮಾರಿದಾಕಿ ನಾನs ಅಂತಾನ. ನಾಳೆ ನನ್ನ ಮ್ಯಾಲ ಪೊಲೀಸರಿಗೆ ದೂರು ಕೊಡ್ತಾನಂತ."

ಆ ಸಾಲನ್ನು ನಾನು ದಿನವೂ ನೋಡುತ್ತಿದ್ದೆ. ಒಂದು ಗುಂಡಿ ಒತ್ತಿ ಮುಂದೆ ಹೋಗುತ್ತಿದ್ದೆ.

"ಯಾರಿಗರ ಕೊಟ್ಟಿದ್ದೀಯೇನು ಅಂತ ಕೇಳಲಿಲ್ಲೇನು?" ಎಂದೆ.

"ಕೇಳಿದ. ಯಾರಿಗೂ ಕೊಟ್ಟಿಲ್ಲ ಅಂದೆ. ನಿನ್ನ ಹೆಸರು ಹೇಳಿದ್ರ ಸುಮ್ಮನ ನಿನ್ನ ಮ್ಯಾಲ ಅನುಮಾನ. ನೀ ಅಂಥಾಕಿ ಅಲ್ಲಂತ ನನಗ ಗೊತ್ತಿಲ್ಲೇನು?"

ಅವಳ ಮುಖ ನೋಡಲಾಗದೆ ಕೀಲಿಮಣೆ ಒರೆಸತೊಡಗಿದೆ.

"ಎಲ್ಲಿ ಇಳಕೊಂಡಾನ ಅವ?"

"ಬಸ್ ಸ್ಟ್ಯಾಂಡ್ ಎದುರಿನ ಲಾಡ್ಜಿನ್ಯಾಗ. ಯಾಕ?"

"ಸುಮ್ಮನ ಕೇಳಿದೆ. ಕುಂದರು, ಚಹಾ ಹೇಳಿ ಬರ್ತೀನಿ."

ಚಹಾದಂಗಡಿ ದಾಟಿ, ಬಸ್ ಸ್ಟ್ಯಾಂಡಿನ ಎದುರು ಬಂದು, ಲಾಡ್ಜಿನ ಮೆಟ್ಟಿಲು ಹತ್ತಿದೆ.