ಗೆರೆ ದಾಟಿದ ಮಂಚ

"ಮಂಚದ ಎರಡು ಕಾಲು ನಾನೇ ಹಿಡಿದಿದ್ದೆ ಸ್ವಾಮಿ. ಅಕ್ಟೋಬರ್ ತಿಂಗಳು, ಹದಿನೇಳನೇ ತಾರೀಕು" ಎಂದು ಅಧಿಕಾರಿಗೆ ಹೇಳಿದ ಲೈಮನ್ ಕ್ರೌಚ್.

ಅಮೆರಿಕದ ಡಕೋಟಾ ಪ್ರಾಂತ್ಯದ ಭೂ ಕಚೇರಿಯಲ್ಲಿ ಅವನ ಎದುರು ಕುಳಿತಿದ್ದವರು ಅವನ ನೆರೆಯ ಅಕ್ಕತಂಗಿಯರು, ಅಕ್ಕ ಇಂಗ್ರಿ ಮತ್ತು ತಂಗಿ ಸೀಸೆಲ್. ನಾರ್ವೆಯಿಂದ ಬಂದು ಒಂದಕ್ಕೊಂದು ತಾಗಿದ ಸರ್ಕಾರಿ ಜಮೀನು ಹಿಡಿದಿದ್ದರು, ತಲಾ ನೂರ ಅರವತ್ತು ಎಕರೆ. ಐದು ವರ್ಷ ಅವರವರ ಜಮೀನಿನಲ್ಲೇ ವಾಸವಿದ್ದರೆ ಅದು ಅವರದು. ಮರವೇ ಇಲ್ಲದ ಬಯಲಿನಲ್ಲಿ ಎರಡೆರಡು ಮನೆ ಯಾರು ಕಟ್ಟುತ್ತಾರೆ? ಇತರರಂತೆ ಇವರೂ ಗಡಿಯ ಮೇಲೆಯೇ ಒಂದು ಮನೆ ಕಟ್ಟಿ, ನೆಲಕ್ಕೆ ಡಾಂಬರಿನ ಗೆರೆ ಎಳೆದಿದ್ದರು. ಮಲಗುವ ಜಾಗವೇ ವಾಸವೆಂಬ ಲೆಕ್ಕಕ್ಕೆ ಗೆರೆಯ ಆಚೆ ತಂಗಿಯ ಮಂಚ, ಈಚೆ ಅಕ್ಕನದು. ಇದ್ದ ಒಂದೇ ಒಲೆ ಅಕ್ಕನ ಕಡೆಗಿತ್ತು.

ನಾಲ್ಕನೆಯ ಚಳಿಗಾಲದಲ್ಲಿ ಸೀಸೆಲ್‌ಗೆ ನ್ಯುಮೋನಿಯಾ ಆಯಿತು. ಮಂಚ ಗೆರೆ ದಾಟಿ ಒಲೆಯ ಪಕ್ಕಕ್ಕೆ ಬಂತು. ಆರು ತಿಂಗಳು ಮೀರಿ ಜಮೀನು ಬಿಟ್ಟಿದ್ದವರ ಮೇಲೆ ಯಾರು ಬೇಕಾದರೂ ತಕರಾರು ಹಾಕಬಹುದು. ಗೆದ್ದವನಿಗೇ ಆ ಜಮೀನಿನ ಮೊದಲ ಹಕ್ಕು. ಕ್ರೌಚ್ ಹಾಕಿದ್ದ.

ಬೆಳಿಗ್ಗೆ ಗಾಡಿಯಲ್ಲಿ ಬರುವಾಗಲೇ ಸೀಸೆಲ್ ಹೇಳಿದ್ದಳು. "ಮಾರ್ಚಿಗೇ ಮಂಚ ವಾಪಸ್ ಹಾಕಿದ್ವಿ ಅನ್ನು ಅಕ್ಕಾ. ಅದನ್ನ ಯಾರು ನೋಡಿದಾರೆ?"

"ಬೈಬಲ್ ಮೇಲೆ ಕೈ ಇಡಿಸ್ತಾರೆ ಕಣೆ."

"ಸರಿ ಬಿಡು. ನನ್ನ ಹೊಲ ಹೋಗ್ಲಿ, ನಿನ್ನ ಕೈ ಚೆನ್ನಾಗಿರ್ಲಿ."

ಈಗ ಅಧಿಕಾರಿ ಇಂಗ್ರಿಯತ್ತ ತಿರುಗಿದ. "ಹೇಳಮ್ಮ, ತಂಗಿ ಎಷ್ಟು ದಿನ ನಿಮ್ಮ ಕಡೆ ಮಲಗಿದ್ರು?"

"ಮೇ ತಿಂಗಳವರೆಗೆ ಸ್ವಾಮಿ. ಆಚೆ ಕಡೆ ಬಕೆಟ್ಟಲ್ಲಿದ್ದ ನೀರು ಕಲ್ಲಾಗಿತ್ತು. ರಾತ್ರಿಯೆಲ್ಲ ಹುಲ್ಲು ಹೊಸೆದು ಹೊಸೆದು ಒಲೆಗೆ ಹಾಕ್ತಿದ್ದೆ. ಅಲ್ಲೇ ಬಿಟ್ಟಿದ್ರೆ ಸತ್ತೇ ಹೋಗೋಳು."

ಗುಮಾಸ್ತನ ಲೇಖನಿ 'ಮೇ'ಗೇ ನಿಂತಿತ್ತು.

"ಕಾಯಿಲೆ ಅಂದ್ರೆ ಅನುಮತಿಗೆ ಅರ್ಜಿ ಕೊಡಬೇಕಿತ್ತು" ಎಂದ ಅಧಿಕಾರಿ.

"ಒಲೆ ಹತ್ರ ಮಲಗೋಕೆ ಅರ್ಜಿನಾ?" ಸೀಸೆಲ್ ಕೇಳಿದಳು. ಮಾತು ಮುಗಿಯುವ ಮೊದಲೇ ಕೆಮ್ಮು ಬಂತು.

"ಪಾಪ, ತುಂಬಾ ಒಳ್ಳೆ ಜನ ಸ್ವಾಮಿ" ಎಂದ ಕ್ರೌಚ್. "ಅವತ್ತು ಮಂಚ ಎತ್ತಿಕೊಟ್ಟಿದ್ದಕ್ಕೆ ಕಾಫಿನೂ ಕೊಟ್ರು."

ತೀರ್ಪು ಬರೆಯಲು ಅರ್ಧ ಗಂಟೆಯೂ ಹಿಡಿಯಲಿಲ್ಲ. ಸೀಸೆಲ್‌ಳ ಹಕ್ಕು ರದ್ದಾಯಿತು. ಕ್ರೌಚ್ ಹ್ಯಾಟು ಹಾಕಿಕೊಳ್ಳುತ್ತಾ, "ನನ್ನ ಕಡೆ ಅರ್ಧ ಮನೆ ಯಾವಾಗ ಖಾಲಿ ಮಾಡ್ತೀರಿ? ಅವಸರ ಏನಿಲ್ಲ" ಎಂದು ಹೇಳಿ ಹೊರಟುಹೋದ.

ಇಂಗ್ರಿ ಕದಲಲಿಲ್ಲ. ಅಧಿಕಾರಿಗೆ ಮುಜುಗರವಾಗಿರಬೇಕು, ಕಾಗದ ಜೋಡಿಸುತ್ತಾ ಸಮಾಧಾನ ಹೇಳಿದ. "ಕಾನೂನೇನು ಕಟುಕ ಅಲ್ಲಮ್ಮ. ನಿಮ್ಮ ತಂಗಿ ಗೆರೆ ಆಚೆನೇ ಇದ್ದು ತೀರಿಕೊಂಡಿದ್ರೆ ಯಾರ ತಕರಾರೂ ನಿಲ್ತಿರಲಿಲ್ಲ. ವಾರಸುದಾರಳು ಅಂತ ಆ ಜಮೀನೂ ನಿಮಗೇ ಬರ್ತಿತ್ತು."

ಕಚೇರಿಯ ಮೆಟ್ಟಿಲ ಮೇಲೆ ಗಾಳಿ ಬೀಸುತ್ತಿತ್ತು. ಇಂಗ್ರಿ ತನ್ನ ಶಾಲು ತೆಗೆದು ತಂಗಿಗೆ ಹೊದಿಸಲು ಹೋದಳು. ಸೀಸೆಲ್ ಅವಳ ಕೈ ತಳ್ಳಿದಳು.

"ಆ ಅಧಿಕಾರಿ ಹೇಳಿದ್ದನ್ನ ಅಕ್ಟೋಬರಲ್ಲೇ ಯಾರಾದ್ರೂ ನಿಂಗೆ ಹೇಳಬೇಕಿತ್ತು ಅಕ್ಕಾ."